ಕಪನಿ ಮಾವನ ಕಿವಿ

ಕೆ.ಆರ್. ಆಸ್ಪತ್ರೆಯಲ್ಲಿ ಕತ್ತಿನ ಎಕ್ಸ್‌ರೇ ಮುಗಿಸಿ
ಬಸ್ಸಿಗೆ ಇನ್ನೂ ಹೊತ್ತಿದೆ ಅಂತ
ನಜರಬಾದಿನ ಗಲ್ಲಿಯಲ್ಲಿ ಟೀ ಕುಡಿಯುತ್ತಿದ್ದೆವು.
ಎದುರಿನ ಗರಡಿಯ ಜಗಲಿಯಿಂದ ಒಬ್ಬ ಮುದುಕ
ಎದ್ದು ಬಂದು, ಕೇಳದೆ ಹೇಳದೆ,
ಮಾವನ ಬಲಗಿವಿ ಹಿಡಿದು ನೋಡಿದ,
ಸಂತೆಯಲ್ಲಿ ಹೋರಿಯ ಹಲ್ಲು ನೋಡುವ ಹಾಗೆ.

ಆ ಕಿವಿ ನಮ್ಮೂರಲ್ಲಿ ಯಾರಿಗೂ ಅರ್ಥವಾಗಿಲ್ಲ.
ಮುರುಟಿ, ಗಂಟಾಗಿ, ಮುಚ್ಚಿಕೊಂಡ ಅದನ್ನು ನೋಡಿ
ಹಾಲಿನ ಸೊಸೈಟಿಯವನು "ಹುಟ್ಟುತ್ತಲೇ ಹಿಂಗಾ?" ಅಂದಿದ್ದ.
ಪಂಚಾಯ್ತಿಯವರು ಸನ್ಮಾನಕ್ಕೆ ಕರೆದು
ಬ್ಯಾನರಿನಲ್ಲಿ "ಕಬಡ್ಡಿ ವೀರ" ಎಂದು ಬರೆಸಿದರು.
ಮಾವ ತಿದ್ದಲಿಲ್ಲ. ಮೈಸೂರು ಪೇಟ ತಲೆಗೆ ಹಿಡಿಯದೆ
ಕಿವಿಯ ಮೇಲೆ ಕೂತಿತ್ತು, ಅದಕ್ಕೇ ನಕ್ಕ.

ಕೆರಗೋಡಿನ ಆಲೆಮನೆಯಲ್ಲಿ ಕಬ್ಬಿನ ಹೊರೆ ಎತ್ತಿದ ಹೆಗಲು.
ಹದಿನೆಂಟಕ್ಕೆ ಸೈನ್ಯ. ಅಲ್ಲಿ ಯಾರೋ ಸುಬೇದಾರ
ಸೋರೆಬುರುಡೆಯಂಥ ಚೆಂಡು ಕೊಟ್ಟು
"ಮುಂದಕ್ಕೆ ಓಡು, ಹಿಂದಕ್ಕೆ ಎಸೆ" ಅಂದನಂತೆ.
ಎಸೆಯುವ ಸರದಿ ಮಾವನಿಗೆ ಬಂದದ್ದೇ ಕಮ್ಮಿ.
ಅವನು ಪ್ರಾಪ್. ಅಂದರೆ, ಗೊನೆ ಬಿಟ್ಟ ಬಾಳೆಗೆ
ನಾವು ಕೊಡುವ ಕವೆಗೋಲು.
ಎಂಟು ಜನ ತಲೆ ತಗ್ಗಿಸಿ ಹೆಣೆದುಕೊಂಡು ನೂಕುವಾಗ
ಮೊದಲ ಸಾಲಿನ ಎಡತುದಿ.
ಎದುರಿನವನ ಉಸಿರು, ಬೆವರು, ಗೊತ್ತಿಲ್ಲದ ಭಾಷೆಯ ಬೈಗುಳ
ಎಲ್ಲ ಈ ಬಲಗಿವಿಗೇ.

ದೇಶಕ್ಕೆ ಹನ್ನೊಂದು ಪಂದ್ಯ.
ತಾಷ್ಕೆಂಟು, ಕೊಲಂಬೊ, ದೋಹಾ. ಗೆದ್ದದ್ದು ಮೂರು.
ಅವನ ಹೆಸರಲ್ಲಿ ಒಟ್ಟು ಐದಂಕ,
ಅದೂ ಆಳುಗಳ ರಾಶಿಯಡಿ ಸಿಕ್ಕಿಬಿದ್ದು;
ಚೆಂಡು ಗೆರೆ ದಾಟಿದ್ದು ತಿಳಿದದ್ದು
ಮೇಲಿನವರು ಒಬ್ಬೊಬ್ಬರಾಗಿ ಎದ್ದ ಮೇಲೆ.
ಫೋನಿನಲ್ಲಿ ಅದನ್ನು ಹೇಳಿದರೆ
ನಮ್ಮವ್ವ "ಊಟ ಆಯ್ತಾ?" ಅಂದಳಂತೆ.

ಹನ್ನೊಂದನೆಯದರಲ್ಲಿ ಕತ್ತು.
ಈಗ ಮಂಡ್ಯದ ಬೆಲ್ಲದ ಮಂಡಿಯಲ್ಲಿ ತೂಕದ ಚೀಟಿ ಬರೆಯುತ್ತಾನೆ.
ಕರೆದರೆ ಪೂರ್ತಿ ಮೈ ತಿರುಗಿಸುತ್ತಾನೆ.
ಮೂಟೆ ಜಾರಿದಾಗ ಮಾತ್ರ
ಎಲ್ಲರಿಗಿಂತ ಮೊದಲು ಅವನ ಮಂಡಿ ಬಗ್ಗಿರುತ್ತದೆ.

"ಯಾವ ಗರಡಿಲಾ ನಿಂದು?" ಕೇಳಿದ ಮುದುಕ.
ಅವನ ಕಿವಿಯೂ ಹಾಗೇ ಇತ್ತು. ಎರಡೂ.
"ಗರಡಿ ಅಲ್ಲ ಯಜಮಾನ್ರೆ. ಈ ಕಡೆ ಹದಿನೈದು ಜನ,
ಆ ಕಡೆ ಹದಿನೈದು."
"ಒಂದೇ ಮಟ್ಟೀಲಾ?"
"ಮಟ್ಟಿ ಇಲ್ಲ. ಹುಲ್ಲು."
ಹುಲ್ಲು ಅಂದದ್ದಕ್ಕೆ ಮುದುಕನಿಗೆ ತುಸು ಬೇಜಾರಾಯಿತು.
ಆಮೇಲೆ ತನ್ನದನ್ನು ಮುಟ್ಟಿಕೊಂಡು
"ಚಳೀಲಿ ನೋಯ್ತದಾ?" ಅಂದ.
"ಬಲಕ್ಕೆ ಮಲಗಕ್ಕಾಗಲ್ಲ."
"ಹೂಂ."

ಟೀ ದುಡ್ಡು ಕೊಡಲು ಬಿಡಲಿಲ್ಲ.
ಬಸ್ಸಿನಲ್ಲಿ ಮಾವ ಎಡಗಿವಿ ಕಿಟಕಿಗೆ ಒತ್ತಿ
ಶ್ರೀರಂಗಪಟ್ಟಣದವರೆಗೂ ಮಾತಾಡಲಿಲ್ಲ.
ಎಕ್ಸ್‌ರೇ ಲಕೋಟೆ ನನ್ನ ತೊಡೆಯ ಮೇಲಿತ್ತು.
ಅದರಲ್ಲಿ ಕಿವಿ ಬರುವುದಿಲ್ಲ.