ಕಲ್ಲು ತೆಗೆದ ಜಾಗ

ಮಳೆ ಬಿಟ್ಟ ಎಂಟನೇ ದಿನಕ್ಕೆ ಇಲಾಖೆಯವರು ಕರೆಯುತ್ತಾರೆ:
ಮಿರ್ಜಾನ ಕೋಟೆಯ ಹುಲ್ಲು ಕೊಯ್ಯಲು ಆರು ಜನ.
ಕತ್ತಿ ನಿಮ್ಮದೇ, ಮಧ್ಯಾಹ್ನದ ಗಂಜಿ ನಿಮ್ಮದೇ,
ಕಲ್ಲು ಮಾತ್ರ ಸರಕಾರದ್ದು.

ನಾನು ಬುರುಜಿನಿಂದ ಶುರು ಮಾಡುತ್ತೇನೆ.
ಅಲ್ಲಿ ಗಾಳಿ ಇದೆ,
ಅಘನಾಶಿನಿಯ ಕೆಸರಿನ ವಾಸನೆ ಇದೆ,
ಇಳಿತದ ಹೊತ್ತಿಗೆ ಮೂಗೇ ಹೇಳುತ್ತದೆ
ಬಳಚು ಹೆಕ್ಕುವವರು ನೀರಿಗಿಳಿದರು ಅಂತ.

ಪಾಚಿ ಮುಟ್ಟಬೇಡಿ ಅನ್ನುತ್ತಾರೆ ಈಗ.
ಮೊದಲು ಉಜ್ಜಿ ಅಂದವರೂ ಅವರೇ.
ಮದುವೆಗೆ ಮೊದಲೇ ಮದುವೆಯ ಫೋಟೋ ತೆಗೆಸುವ ಜೋಡಿಗಳು
ಹಸಿರು ಗೋಡೆ ಹುಡುಕಿಕೊಂಡು ಬರತೊಡಗಿದ ಮೇಲೆ
ಪಾಚಿಗೂ ಇತಿಹಾಸ ಬಂತು.

ಬೋರ್ಡಿನಲ್ಲಿ ಬರೆದದ್ದು ನನಗೆ ಬಾಯಿಪಾಠ:
ಯಾರು ಕಟ್ಟಿದರು, ಯಾರು ಗೆದ್ದರು, ಮತ್ತೆ ಯಾರು ಗೆದ್ದರು,
ಕಾಳುಮೆಣಸು ಯಾವ ಘಟ್ಟ ಇಳಿದು ಯಾವ ಹಡಗು ಹತ್ತಿತು.
ಮೇಲೆ ಕೂತ ಕಾಗೆ ಒಂದು ಶತಮಾನವನ್ನು
ಬೆಳ್ಳಗೆ ಅಳಿಸಿದೆ.

ಕಲ್ಲು ಎಲ್ಲಿಂದ ಬಂತು ಅಂತ ಬರೆದಿಲ್ಲ.

ನನ್ನಪ್ಪ ಮಾಸ್ತಿ ಚಿರೆಕಲ್ಲು ಕಡಿಯುತ್ತಿದ್ದ.
ನೆಲದೊಳಗೆ ಇದ್ದಾಗ ಅದು ಬೆಲ್ಲ ಅನ್ನುತ್ತಿದ್ದ,
ಕೊಡಲಿ ಇಟ್ಟರೆ ಸಾಕು, ಕೊಡುತ್ತದೆ.
ಮೇಲೆ ಬಂದು ಬಿಸಿಲು ಕಂಡಿತೋ, ಗಟ್ಟಿ.
ಗಾಳಿ ತಾಗಿದಷ್ಟೂ ಗಟ್ಟಿ.
"ಮನ್ಸ ಹಂಗಲ್ಲ" ಅಂದು ನಗುತ್ತಿದ್ದ. ನಕ್ಕರೆ ಕೆಮ್ಮು,
ಕೆಮ್ಮಿದರೆ ಕೆಂಪು,
ಅದು ಧೂಳೋ ಬೇರೆಯೋ
ಕೊನೆಯವರೆಗೂ ತಿಳಿಯಲಿಲ್ಲ.

ಆ ಜಾಗ ತೋರಿಸಿದವನು ಅವನೇ.
ಹೆದ್ದಾರಿ ದಾಟಿ, ಗೇರು ಹಿತ್ತಲಿನ ಹಿಂದೆ,
ಮೂರಾಳು ಆಳದ ಗುಂಡಿ.
ಗೋಡೆ ನೇರ, ಮೂಲೆ ಚೂಪು,
ಉದ್ದಕ್ಕೂ ಕೊಡಲಿಯ ಗೀರು,
ಬಾಚಣಿಗೆ ಎಳೆದ ತಲೆಯ ಹಾಗೆ.
ತಳದಲ್ಲಿ ನೀರು, ನೀರಲ್ಲಿ ಎರಡು ಎಮ್ಮೆ,
ಎಮ್ಮೆಯ ಮೇಲೊಂದು ಬೆಳ್ಳಕ್ಕಿ
ಪಾಳೆಯಗಾರನ ಗತ್ತಿನಲ್ಲಿ.

"ಇದೇ ನೋಡು ಕೋಟೆ" ಅಂದ ಅಪ್ಪ.
"ಅಲ್ಲಿರೂದು ಇಲ್ಲಿಂದ ಎತ್ತಿದ್ದು.
ಅದನ್ನ ಹೊಡದ್ರು, ಬಿಟ್ರು, ಮತ್ತೆ ಹೊಡದ್ರು.
ಇದನ್ನ ಯಾರೂ ಗೆಲ್ಲಲಿಲ್ಲ, ಇವತ್ತಿನವರಿಗೂ."

ನಿಜವೋ? ಅವನಿಗೆ ಅವನಪ್ಪ ಹೇಳಿದ್ದು.
ಅವನಿಗೆ ಹೇಳಿದವರು ಈಗ ಗದ್ದೆಯ ಅಂಚಿನ ಮಣ್ಣು.

ಹೋದ ವರ್ಷ ಟೇಪು ಹಿಡಿದು ಬಂದ ಸರ್ವೆಯ ಹುಡುಗಿಗೆ ಹೇಳಿದೆ.
ಒಳ್ಳೆಯ ಹುಡುಗಿ, ಪೂರ್ತಿ ಕೇಳಿದಳು,
ಪೆನ್ನಿನ ಮುಚ್ಚಳ ತೆಗೆದು, "ದಾಖಲೆ ಉಂಟಾ ಅಕ್ಕಾ?" ಅಂದಳು.
ನನ್ನ ಹತ್ತಿರ ಇದ್ದದ್ದು ಎರಡು ಎಮ್ಮೆ.
ಮುಚ್ಚಳ ಹಾಕಿದಳು.

ದಾಖಲೆ ಇರುವುದು ಅತ್ತೆ ಸಣ್ತಂಗಿಯ ಹಿತ್ತಲಲ್ಲಿ.
ಅವಳು ಬಟ್ಟೆ ಒಗೆಯುವ ಕಲ್ಲಿಗೆ
ನಡುವೆ ಒಂದು ಗುಳಿ, ಬಾಗಿಲ ತಿರುಗಣೆ ಕೂತು ಸವೆದದ್ದು.
ಯಾವ ಬಾಗಿಲೋ, ಯಾರಿಗೆ ತೆರೆಯಿತೋ.
ಈಗ ಅದು ಸಾಬೂನು ಇಡುವ ಜಾಗ.
ಇಲಾಖೆಯ ಜೀಪಿನ ಸದ್ದಾದರೆ
ಒದ್ದೆ ಸೀರೆ ಹಾಸಿ ಅದರ ಮೇಲೆ ಕೂತುಬಿಡುತ್ತಾಳೆ,
ಸೊಂಟ ನೋವು ಅನ್ನುತ್ತಾಳೆ, ಯಾರೂ ಕೇಳದಿದ್ದರೂ.

ಈ ವರ್ಷ ಗುಂಡಿಗೆ ಮಣ್ಣು ಬೀಳುತ್ತಿದೆ.
ರಸ್ತೆ ಅಗಲ ಮಾಡಿದ್ದು ಎಲ್ಲಾದರೂ ಸುರಿಯಬೇಕಲ್ಲ.
ಕಡಿದವರ ಹೆಸರು ಎಲ್ಲೂ ಇಲ್ಲ,
ಮುಚ್ಚುವವರ ಹೆಸರು ಲಾರಿಯ ಹಣೆಯ ಮೇಲೆ
ಹೂವಿನ ನಡುವೆ, ದೊಡ್ಡದಾಗಿ.
ಮುಳುಗಿ ಕೂರುತ್ತಿದ್ದ ಎಮ್ಮೆಗಳಿಗೆ
ಈಗ ನೀರು ಮೊಣಕಾಲಿಗೆ.

ಸಂಜೆ ಸಹಿ ಹಾಕುತ್ತೇನೆ.
ಕೆಲಸದ ವಿವರ: ಹುಲ್ಲು.
ಕೊಯ್ದದ್ದರಲ್ಲಿ ಒಂದು ಹೊರೆ ಕೇಳಿ ತರುತ್ತೇನೆ,
ಬೇಡ ಅನ್ನುವುದಿಲ್ಲ ಅವರು.
ಹೆದ್ದಾರಿಯಲ್ಲಿ ಟ್ಯಾಂಕರುಗಳು ಮುಗಿಯುವವರೆಗೆ
ತಲೆಯ ಮೇಲೆ ಕೋಟೆಯ ಹುಲ್ಲು ಹೊತ್ತು ಕಾಯುತ್ತೇನೆ.

ಆಮೇಲೆ ಗುಂಡಿಯ ಅಂಚಿನಲ್ಲಿ ನಿಂತು
ಹೊರೆ ಬಿಚ್ಚಿ ಕೆಳಗೆ ಬಿಡುತ್ತೇನೆ.
ಎಮ್ಮೆ ತಲೆ ಎತ್ತುತ್ತದೆ.
ಬೆಳ್ಳಕ್ಕಿ ಸ್ವಲ್ಪ ಸರಿದು ಕೂರುತ್ತದೆ.