ಏಳನೆಯ ಗುಂಡಿ

ಲೆಸ್ಟರ್ ಕ್ವಿಂಬಿ. ಹೆಸರು ನಿಮಗೆ ಗೊತ್ತಿರಲಾರದು.
ಮುಖ ಗೊತ್ತಿದೆ.
ಬರ್ಬ್ಯಾಂಕಿನ ಮೂರನೇ ಸ್ಟುಡಿಯೋದಲ್ಲಿ
ರಟ್ಟಿನ ಗೋಡೆಗೆ ಕೂರಿಸಿದ ನಿಜವಾದ ಬಾಗಿಲು ತೆರೆದರೆ
ಆಚೆ ನಿಂತವನು ಅವನೇ:
ಪಿಯಾನೋ ಶ್ರುತಿ ಮಾಡುವವನು, ಜನಗಣತಿಯವನು,
ತಪ್ಪು ವಿಳಾಸಕ್ಕೆ ಉಷ್ಟ್ರಪಕ್ಷಿ ತಂದವನು.
ಒಂದೇ ಒಂದು ಸಲ ನ್ಯಾಯಾಧೀಶ. ಅಂದು ಇಡೀ ದೃಶ್ಯ ನಿದ್ದೆ.
ಬಂದ ಪುಟ್ಟ, ಹೋದ ಪುಟ್ಟ.
ಮನೆಯೊಡತಿ "ಅಯ್ಯೋ, ಇವತ್ತಲ್ಲ!" ಅನ್ನುತ್ತಾಳೆ,
ಕದ ಮುಖಕ್ಕೇ ಬಡಿಯುತ್ತದೆ,
ಟೋಪಿ ಅರ್ಧ ಒಳಗೆ, ಅರ್ಧ ಹೊರಗೆ.
ಅಷ್ಟಕ್ಕೆ ಎಂಬತ್ತು ಡಾಲರು, ಮಧ್ಯಾಹ್ನಕ್ಕೊಂದು ಸ್ಯಾಂಡ್‌ವಿಚ್ಚು.

ನಾನು ನಗು ಹಾಕುವವನು.
ನನ್ನ ಪೆಟ್ಟಿಗೆಗೆ ಮೂವತ್ತೆರಡು ಗುಂಡಿ;
ಒಂದೊಂದರಡಿ ಯಾವುದೋ ಸಂಜೆ ಯಾರ್ಯಾರೋ ನಕ್ಕದ್ದು
ಉಪ್ಪಿನಲ್ಲಿಟ್ಟ ಮಾವಿನಮಿಡಿಯಂತೆ ಕೆಡದೆ ಕೂತಿದೆ.
ಒಂದು, ಮುಸಿಮುಸಿ. ನಾಲ್ಕು, ಗಂಡಸರ ಗಹಗಹ.
ಹನ್ನೊಂದು ಕೆಮ್ಮಿಗೆ ತಿರುಗುತ್ತದೆ, ಮುಟ್ಟುವುದು ಕಡಿಮೆ.
ಏಳರಲ್ಲಿ ಒಬ್ಬಳೇ ಹೆಂಗಸು,
ಕಾದ ಎಣ್ಣೆಗೆ ಬಿದ್ದ ಸಾಸಿವೆ.
ಲೆಕ್ಕಕ್ಕೆ ಅದು ಕೆಟ್ಟ ನಗು:
ಮಾತು ಮುಗಿಯುವ ಮೊದಲೇ ಸಿಡಿದು
ಯಾವನೋ ನಟನ ಅರ್ಧ ಪದವನ್ನು ಕಚ್ಚಿಕೊಂಡು ಬಂದಿತ್ತು.
ಕಿವಿಗೊಟ್ಟರೆ ಈಗಲೂ ಕೇಳುತ್ತದೆ: "ಕೊಡೆ..."

ಅರವತ್ತಮೂರರ ಒಂದು ಮಂಗಳವಾರ
ನನ್ನ ಡೋನಟ್ ತಿನ್ನಲು ಬಂದ ಲೆಸ್ಟರ್
ಏಳನ್ನು ಕೇಳಿ ಅಗಿಯುವುದನ್ನು ನಿಲ್ಲಿಸಿದ.
"ಅದು ವರ್ನಾ. ನನ್ನ ತಂಗಿ.
'ಅಮ್ಮಾ, ಇದು ನಿಮ್ಮ ಕೊಡೆಯಲ್ಲ, ನನ್ನ ಕಾಲು.'
ಕೊಡೆ ರಿಪೇರಿಯವನ ಪಾರ್ಟು, ಐವತ್ತನಾಲ್ಕು.
ಹಿಂದಿನ ರಾತ್ರಿ ಅಡುಗೆಮನೆ ಮೇಜಿನಲ್ಲಿ
ಒಡತಿ ಅವಳೇ, ಗಂಡ ಅವಳೇ, ನಾಯಿಯೂ ಅವಳೇ.
ಬಾಯಿಪಾಠವಾಗಿದ್ದು ಅವಳಿಗೆ, ನನಗಲ್ಲ.
ಅದಕ್ಕೇ ಮುಂಚೆ ನಗುತ್ತಾಳೆ, ಪೆದ್ದಿ."

ತೀರಿಕೊಂಡರೇ ಎಂದೆ.
"ಇಲ್ಲಪ್ಪ. ಟೂಸಾನಿನಲ್ಲಿದ್ದಾಳೆ. ಮಾತಿಲ್ಲ. ದುಡ್ಡಿನ ವಿಷಯ."
ಉಳಿದರ್ಧ ಡೋನಟ್ಟನ್ನು ಜೇಬಿಗಿಟ್ಟು
"ಇನ್ನೊಮ್ಮೆ ಒತ್ತು" ಅಂದ.
ಒತ್ತಿದೆ. ಮತ್ತೆ ಕೇಳಲಿಲ್ಲ.

ಆಮೇಲೆ ಬಣ್ಣ ಬಂತು.
ಅವನದು ಕಪ್ಪುಬಿಳುಪಿಗೆಂದೇ ಹುಟ್ಟಿದ ಮುಖ;
ಬಣ್ಣದಲ್ಲಿ ಬರೀ ಬಳಲಿದವನಂತೆ ಕಂಡ.
ಫೋನು ನಿಂತಿತು. ವ್ಯಾನ್ ನೈಸಿನಲ್ಲಿ ಬೂಟು ಮಾರಿದ.
"ನಿಮ್ಮನ್ನೆಲ್ಲೋ ನೋಡಿದ್ದೇನಲ್ಲ?"
ಗಿರಾಕಿಯ ಕಾಲು ಹಿಡಿದುಕೊಂಡೇ ಹೇಳುತ್ತಿದ್ದ:
"ಬಾಗಿಲಲ್ಲಿ."

ಎಪ್ಪತ್ತೊಂದರಲ್ಲಿ ಪತ್ರಿಕೆಯ ಒಳಪುಟ, ನಾಲ್ಕು ಸಾಲು,
ಹೆಸರಲ್ಲಿ ಒಂದಕ್ಷರ ಕಡಿಮೆ.
ಆ ವಾರ ನನ್ನ ಕೈಲಿ ಯಾವುದೋ ಹೊಸ ಧಾರಾವಾಹಿ,
ಅವನು ಕಾಲಿಡದ ಮನೆ, ಅವನು ತಟ್ಟದ ಬಾಗಿಲು.
ಕೆಟ್ಟ ಜೋಕು ಬಂದಲ್ಲೆಲ್ಲ ಏಳನ್ನೊತ್ತಿದೆ.
ಊಟಕ್ಕಿಲ್ಲದ ಉಪ್ಪಿನಕಾಯಿ ಅನ್ನುತ್ತಾರಲ್ಲ,
ಇಲ್ಲಿ ಊಟವೇ ಇರಲಿಲ್ಲ, ಉಪ್ಪಿನಕಾಯಿ ಬಡಿಸಿದೆ.
ಅರಿಜೋನಾದ ಯಾವುದೋ ಸೋಫಾದಲ್ಲಿ
ಹೆಣಿಗೆ ಹಿಡಿದ ಹೆಂಗಸೊಬ್ಬಳು ತಲೆಯೆತ್ತಿದಳೋ,
ತನ್ನ ನಗು ತನಗೇ ಗುರುತು ಸಿಕ್ಕಿತೋ,
ನನಗೆ ತಿಳಿಯುವ ದಾರಿಯಿಲ್ಲ.

ನಿನ್ನೆ ಕಂಪನಿಯ ಹುಡುಗ ಬಂದಿದ್ದ,
ರಸೀದಿ ಪುಸ್ತಕ, ತಳ್ಳುಗಾಡಿಯ ಸಮೇತ.
ಹೊಸ ಯಂತ್ರವಂತೆ, ಶುದ್ಧ ನಗುವಂತೆ,
ಗೊರಗೊರವಿಲ್ಲ, ಕೆಮ್ಮಿಲ್ಲ, ಯಾರ ಮಾತೂ ಸಿಕ್ಕಿಕೊಂಡಿಲ್ಲ.
"ಹಳೆಯ ಪೆಟ್ಟಿಗೆ ಕೊಡಿ ಸಾರ್, ಗುಜರಿಗೆ."
ಬಾಗಿಲಲ್ಲೇ ನಿಂತಿದ್ದ, ಟೋಪಿ ಕೈಯಲ್ಲಿ.
ಕದ ಹಾಕುವ ಮುಂಚೆ
ನನ್ನ ಬಾಯಿಗೆ ಬಂದದ್ದು ಅರ್ಧ ಪದ:
ಕೊಡೆ.