ಹಿಂದಿನ ಗೋಡೆ

ತೊಂಬತ್ತಾರರಲ್ಲಿ ನಮ್ಮ ಕ್ಯಾಸೆಟ್ಟಿಗೆ ಎರಡು ಬದಿ.
ಎ ಬದಿ ಮುಗಿದರೆ ಟಕ್ ಎನ್ನುತ್ತಿತ್ತು,
ಎದ್ದು ಹೋಗಿ ಮಗುಚಬೇಕು, ದೋಸೆಯ ಹಾಗೆ.
ಆ ಟಕ್ಕಿನ ಮೊದಲು ಯಾವ ಹಾಡು, ಆಮೇಲೆ ಯಾವುದು ಎಂದು
ನಾನೂ ವಲೇರಿಯನ್ನನೂ
ರೂವಿಯ ಚಾದಂಗಡಿಯಲ್ಲಿ
ಮೂರು ಶುಕ್ರವಾರ ಜಗಳಾಡಿದ್ದೆವು.

ಈಗ ಅಕ್ಕನ ಮಗ ಲತೇಶ
ಫೋನನ್ನು ಅಕ್ಕಿಚೀಲಕ್ಕೆ ಒರಗಿಸಿ ನಿಲ್ಲಿಸುತ್ತಾನೆ, ಉದ್ದಕ್ಕೆ.
"ಐದು ಸೆಕೆಂಡಿನೊಳಗೆ ಪಲ್ಲವಿ ಬರಬೇಕು ಮಾವಾ,
ಆಲಾಪ ಯಾರೂ ಕಾಯುವುದಿಲ್ಲ."
ಕಾಲು ತೊಳೆಯುವ ಮೊದಲೇ
ಎಲೆ ಹಾಕಿ ಕೂರಿಸಿದ ಹಾಗಾಯಿತಲ್ಲೋ, ಎಂದೆ.
ಹಾಡಿದೆ.

ಸ್ಟುಡಿಯೋಕ್ಕೆ ಗಂಟೆಗೆ ಹನ್ನೆರಡು ರಿಯಾಲ್;
ಕೋಣೆಗೆ ಏನೂ ಇಲ್ಲ, ಎಸಿ ಆರಿಸಬೇಕು, ಬೆವರಬೇಕು.
ಹೀಗೆ ಎರಡು ವರ್ಷಕ್ಕೆ ಒಂಬತ್ತು ಹಾಡು.
ಒಂದಕ್ಕೆ ನಲವತ್ತು ಸಾವಿರ ಕಣ್ಣು,
ಮತ್ತೊಂದಕ್ಕೆ ನೂರಾ ಹನ್ನೆರಡು.
ಹೆಚ್ಚು ನೋಡಿದ್ದು ಮೊದಲು ಇರಲಿ,
ಆಲ್ಬಮ್ ಹಾಗೇ ಮಾಡುವುದೀಗ, ಎನ್ನುತ್ತಾನೆ ಲತೇಶ.

ನಿನ್ನೆ ರಾತ್ರಿ ಒಂಬತ್ತನ್ನೂ ಸಾಲಾಗಿ ನೋಡಿದೆ,
ದನಿ ಮುಚ್ಚಿ.
ಮೊದಲನೆಯದರಲ್ಲಿ ನನ್ನ ತಲೆಯ ಹಿಂದೆ
ಮೇಲಿನ ಮಂಚದಿಂದ ಇಳಿಬಿಟ್ಟ ಮೊಯ್ದಿನಬ್ಬನ ಕಾಲು,
ಹೆಬ್ಬೆರಳು ತಾಳ ಹಾಕುತ್ತಿದೆ,
ನನಗಿಂತ ಸರಿಯಾಗಿ.
ಮೂರನೆಯದರಲ್ಲಿ ಅವನ ಹಸಿರು ಲುಂಗಿ ಒಣಗುತ್ತಿದೆ.
ಐದನೆಯದರಲ್ಲಿ ಹಗ್ಗ ಬಿಗಿದ ರಟ್ಟಿನ ಪೆಟ್ಟಿಗೆ,
ಮೇಲೆ ಮಾರ್ಕರಿನಲ್ಲಿ ಫರಂಗಿಪೇಟೆ.
ಆರನೆಯದರಲ್ಲಿ ಬರೀ ಹಾಸಿಗೆ.
ಏಳರಿಂದ ಬೇರೆ ಟವೆಲು, ಸಿಲ್ಹೆಟ್ಟಿನ ಹುಡುಗನದು.

ಯಾರೂ ಇದನ್ನು ಹಾಡಿರಲಿಲ್ಲ.
ಮದುವೆಮನೆಯ ಆಲ್ಬಮ್ಮಿನಂತೆ
ತನ್ನಷ್ಟಕ್ಕೆ ತುಂಬಿಕೊಂಡಿದೆ.

ಬೆಳಿಗ್ಗೆ ಮೊಯ್ದಿನಬ್ಬನ ವಾಯ್ಸ್ ಮೆಸೇಜು,
ಆಸ್ಪತ್ರೆಯ ಗದ್ದಲದ ನಡುವೆ:
"ಸಕ್ಕರೆಗೆ ಕೊಟ್ಟ ಬೆರಳು
ನಿನ್ನ ಹಾಡಿನಲ್ಲಿ ಇನ್ನೂ ಕುಣಿಯುತ್ತಿದೆ ಮಾರಾಯಾ,
ಬಾಡಿಗೆ ಕಳಿಸು."

ಲತೇಶನಿಗೆ ಹೇಳಿದೆ:
ಕಣ್ಣಿನ ಲೆಕ್ಕ ಬೇಡ.
ಪೆಟ್ಟಿಗೆಗೆ ಹಗ್ಗ ಬಿಗಿದಲ್ಲಿಗೆ ಎ ಬದಿ ಮುಗಿಯಿತು.
"ಬದಿ ಎಂದರೆ?" ಎಂದ.

ಈ ಶುಕ್ರವಾರ ಹತ್ತನೆಯದು.
ಅಕ್ಕಿಚೀಲ ಅರ್ಧ ಇಳಿದಿದೆ, ಫೋನು ಜಾರುತ್ತದೆ.
ಶ್ರುತಿ ಹಿಡಿದು ತಿರುಗಿ ನೋಡಿದೆ:
ಶಫೀಕುಲ್, ಕಾಲು ಸ್ವಲ್ಪ ಕೆಳಗೆ ಬಿಡಪ್ಪಾ.
ಅವನು ನಾಚಿ
ಎರಡನ್ನೂ ಮೇಲೆಳೆದುಕೊಂಡ.